ಹೆಂಗಸರ ನಡುವೆ ಮುಚ್ಚಿದ ತಲೆ

ಮದುಮಗಳ ಅಲಂಕಾರಕ್ಕೆ ಕರೆ ಬಂದಾಗ ನಾನು ಮೊದಲು ಕೇಳುವುದು ಕೂದಲಿನ ವಿಷಯ. ಎಷ್ಟು ಉದ್ದ, ದಪ್ಪವೋ ತೆಳುವೋ, ಎಣ್ಣೆ ಹಚ್ಚುವ ಅಭ್ಯಾಸ ಇದೆಯೋ ಇಲ್ಲವೋ. ಹಿಜಾಬ್ ಕಟ್ಟುವವಳಿಗೆ ಕೂದಲಿನ ಚಿಂತೆ ಯಾಕೆ ಎಂದು ಹಲವರು ನಗುತ್ತಾರೆ. ಆದರೆ ಒಳಗಿನ ಟೋಪಿ ಹಿಡಿದುಕೊಳ್ಳುವುದು ಕೂದಲನ್ನು, ಪಿನ್ನು ಹಿಡಿದುಕೊಳ್ಳುವುದು ಟೋಪಿಯನ್ನು. ಹಿಂದೆ ಒಂದು ಗಂಟು ಕೂದಲಿದ್ದರೆ ಎಂಥ ಜಾರುವ ಬಟ್ಟೆಯೂ ನಿಲ್ಲುತ್ತದೆ. ಯಾರಿಗೆ ಯಾವ ಬಟ್ಟೆ ಕಟ್ಟಿದೆ, ಎಷ್ಟು ಪಿನ್ನು ಹಿಡಿಯಿತು, ಎಷ್ಟು ಹೊತ್ತು ನಿಂತಿತು ಎಂದು ತಾರೀಕು ಹಾಕಿ ಬರೆದಿಡುವುದು ನನ್ನ ರೂಢಿ.

ಜನವರಿಯಲ್ಲಿ ಮೊಳಕಾಲ್ಮೂರಿನಿಂದ ಫೋನ್ ಮಾಡಿದ ಹೆಂಗಸಿಗೂ ಅದನ್ನೇ ಕೇಳಿದೆ. ನನ್ನ ಇನ್‌ಸ್ಟಾಗ್ರಾಂ ಪೇಜಿನಲ್ಲಿ ನಂಬರು ಸಿಕ್ಕಿತಂತೆ.

"ದುಲ್ಹನ್ ನನ್ನ ತಂಗಿ. ಅವಳ್ದು ಸೊಂಟದ ತನಕ ಐತೆ, ಒಳ್ಳೇ ದಪ್ಪ. ಅವಳ ಜೊತೆ ನನಗೂ ಕಟ್ಟಬೇಕು."

"ನಿಮ್ಮದು ಎಷ್ಟು ಉದ್ದ ಐತೆ ಆಪಾ?"

ಆ ಕಡೆ ಬಾಗಿಲು ಹಾಕಿದ ಸದ್ದಾಯಿತು.

"ನಂದು ಬಂದು ನೋಡು ತಂಗಿ. ಫೋನಲ್ಲಿ ಬೇಡ."

ಮುಂದಿನ ಮಂಗಳವಾರ ಚಳ್ಳಕೆರೆಯಿಂದ ಬೆಳಗಿನ ಬಸ್ಸಿಗೆ ಹೋದೆ. ಅವರ ಮನೆ ನೇಕಾರರ ಬೀದಿಗೆ ತಾಗಿದ ಓಣಿಯಲ್ಲಿತ್ತು. ಪಕ್ಕದ ಮನೆಯ ಮಗ್ಗದ ಸದ್ದು ಗೋಡೆ ದಾಟಿ ಬರುತ್ತಿತ್ತು. ಆಪಾಗೆ, ಅಂದರೆ ನಾನು ಅಕ್ಕ ಎಂದು ಕರೆದ ಆ ಹೆಂಗಸಿಗೆ, ಮೂವತ್ತೈದು ಇರಬಹುದು. ಮನೆಯಲ್ಲಿ ಮಕ್ಕಳಿಗೆ ಟ್ಯೂಷನ್ ಹೇಳುತ್ತಿದ್ದರು. ಗಂಡನದು ಬಸ್ ಸ್ಟ್ಯಾಂಡ್ ಹತ್ತಿರ ಬೈಕ್ ರಿಪೇರಿ ಅಂಗಡಿ. ತಾಯಿ ತೀರಿಕೊಂಡು ಬಹಳ ವರ್ಷ. ತಂಗಿಯನ್ನು ಸಾಕಿದವರು ಇವರೇ. ನಾವು ಮಾತಾಡಿದ್ದು ಅರ್ಧ ಉರ್ದು, ಅರ್ಧ ಕನ್ನಡ. ಇಲ್ಲಿ ಎಲ್ಲವನ್ನೂ ಕನ್ನಡದಲ್ಲೇ ಬರೆದಿದ್ದೇನೆ.

ಚಹಾ ಕೊಟ್ಟ ಮೇಲೆ ಆಪಾ ಒಳಕೋಣೆಯ ಚಿಲಕ ಹಾಕಿದರು. ಕಿಟಕಿ ಮುಚ್ಚಿದರು. ಬಲಗೈಯಿಂದ ದುಪಟ್ಟಾ ತೆಗೆದರು, ಎಡಗೈ ಭುಜಕ್ಕಿಂತ ಮೇಲೆ ಏಳಲಿಲ್ಲ. ತಲೆಯ ಮೇಲೆ ಒಂದು ಎಳೆ ಕೂದಲೂ ಇರಲಿಲ್ಲ. ಹುಬ್ಬು ಎಂದು ನಾನು ಅಂದುಕೊಂಡಿದ್ದು ಪೆನ್ಸಿಲಿನ ಗೆರೆ.

"ಎದೆ ಗಡ್ಡೆ ಆಪರೇಷನ್ ಆಗೈತೆ. ಎರಡನೇ ಸೂಜಿಗೇ ಎಲ್ಲಾ ಉದುರ್ತು" ಎಂದರು. "ಇದು ನಮ್ಮೆಜಮಾನ್ರಿಗೆ ಗೊತ್ತು, ಈಗ ನಿನಗೆ ಗೊತ್ತು. ಮಿಕ್ಕೋರಿಗೆಲ್ಲ ಥೈರಾಯ್ಡ್ ಅಂತ ಹೇಳೀನಿ."

"ತಂಗಿಗೆ?"

"ಯಾರಿಗೆ ಗೊತ್ತಾದ್ರೂ ಅವಳಿಗೆ ಗೊತ್ತಾಗಬಾರದು."

ಕಾರಣವನ್ನೂ ಅವರೇ ಹೇಳಿದರು. ತಾಯಿ ಹೋಗಿದ್ದು ಇದೇ ಕಾಯಿಲೆಯಿಂದ ಎಂದು ಈಗ ಅವರಿಗೆ ಅನುಮಾನ. ಆಗ ಯಾರೂ ಹೆಸರಿಟ್ಟು ಕರೆದಿರಲಿಲ್ಲ. ಹುಡುಗನ ಮನೆಯವರು ಚಳ್ಳಕೆರೆಯ ವ್ಯಾಪಾರಸ್ಥರು. ಹಿಂದೆ ಒಂದು ಸಂಬಂಧ ಮಾತು ಮುಗಿದ ಮೇಲೂ ಬಿಟ್ಟಿದ್ದರು. ಆ ಹುಡುಗಿಯ ತಾಯಿಗೆ ಗಡ್ಡೆ ಇದೆ ಎಂದು ಯಾರೋ ಹೇಳಿದ್ದಷ್ಟೇ ಕಾರಣ. ಅಮ್ಮನಿಗೂ ಇತ್ತು, ಅಕ್ಕನಿಗೂ ಇದೆ ಎಂದರೆ ತಂಗಿಯನ್ನು ಯಾರೂ ಕೇಳುವುದಿಲ್ಲ.

"ನಿಕಾಹ್ ಒಂದು ಆಗ್ಲಿ. ಆಮೇಲೆ ನಾನೇ ಅವಳನ್ನ ಕರ್ಕೊಂಡು ಹೋಗಿ ಪರೀಕ್ಷೆ ಮಾಡಿಸ್ತೀನಿ. ಡಾಕ್ಟರೂ ಹೇಳವ್ರೆ."

ಅದು ಸರಿಯೋ ತಪ್ಪೋ ನನಗೆ ಆಗಲೂ ತಿಳಿಯಲಿಲ್ಲ, ಈಗಲೂ ತಿಳಿದಿಲ್ಲ. ನಾನು ಕೇಳಿದ್ದು ಕೆಲಸದ ಪ್ರಶ್ನೆ.

"ಹೊರಗೆ ಹೋಗುವಾಗ ಬುರ್ಖಾ ಐತಲ್ಲ ಆಪಾ, ಅದರಲ್ಲಿ ಏನೂ ಕಾಣಲ್ಲ. ಮತ್ತೆ ನಾನ್ಯಾಕೆ?"

ಆಪಾ ನಕ್ಕರು. "ಗಂಡಸರ ಮುಂದೆ ನನಗೇನು ಕಷ್ಟ ಹೇಳು. ಕಷ್ಟ ಇರೋದು ಹೆಂಗಸರ ಮುಂದೆ."

ನನಗೆ ಹೊಳೆಯದೇ ಇದ್ದದ್ದು ಅದು. ಮೆಹಂದಿಯ ಸಂಜೆ ಮನೆಯೊಳಗೆ ಹೆಂಗಸರೇ ಇರುತ್ತಾರೆ. ಬಾಗಿಲು ಹಾಕಿದ ಕೂಡಲೇ ಬುರ್ಖಾಗಳೆಲ್ಲ ಗೋಡೆಯ ಮೊಳೆ ಸೇರುತ್ತವೆ. ತಲೆ ಬಾಚಿಕೊಳ್ಳುತ್ತಾರೆ, ಹೂ ಮುಡಿಯುತ್ತಾರೆ, ಒಬ್ಬರ ಜಡೆ ಒಬ್ಬರು ಎಳೆಯುತ್ತಾರೆ. ಅಲ್ಲಿ ತಲೆ ಮುಚ್ಚಿ ಕೂತವಳೇ ಎಲ್ಲರ ಕಣ್ಣಿಗೆ ಬೀಳುವವಳು.

"ಅದಕ್ಕೇ ನಿನ್ನ ಪೇಜಲ್ಲಿ ಕಟ್ತೀಯಲ್ಲ, ಅಂಥಾ ಸ್ಟೈಲಿಂದು ಬೇಕು. ಸುಮ್ನೆ ದುಪಟ್ಟಾ ಸುತ್ಕೊಂಡ್ರೆ ಯಾಕೆ ತೆಗಿಯಲ್ಲ ಅಂತಾರೆ. ಫ್ಯಾಷನ್ನಿಂದಾದ್ರೆ, ಕಾಸು ಕೊಟ್ಟು ಕಟ್ಟಿಸ್ಕೊಂಡಾಳೆ, ಬಿಚ್ಚಕ್ಕೆ ಮನಸಿಲ್ಲ ಅಂತ ಬಿಡ್ತಾರೆ."

ಅಂದೇ ಮೊದಲ ಪ್ರಯತ್ನ ಮಾಡಿದೆ. ಶಿಫಾನ್ ಕಟ್ಟಿದೆ; ಆಪಾ ಎದ್ದು ಬಾಗಿಲ ತನಕ ನಡೆಯುವಷ್ಟರಲ್ಲಿ ಟೋಪಿ ಸಮೇತ ಹಿಂದಕ್ಕೆ ಜಾರಿತು. ಸ್ಯಾಟಿನ್ ಅದಕ್ಕಿಂತ ಕಡೆ. ಜೆರ್ಸಿ ನಿಂತಿತು, ಆದರೆ ತಲೆಬುರುಡೆಯ ಆಕಾರವನ್ನೇ ಎತ್ತಿ ತೋರಿಸಿತು. ಕೂದಲಿರುವ ತಲೆಗೂ ಇಲ್ಲದ ತಲೆಗೂ ಹಿಂಬದಿಯಲ್ಲಿ ಎಷ್ಟು ವ್ಯತ್ಯಾಸ ಎಂದು ಆ ದಿನ ನೋಡಿದೆ. ಕಿವಿಯ ಹಿಂದೆ ಬಟ್ಟೆ ಗುಳಿ ಬೀಳುತ್ತದೆ, ಕತ್ತು ಉದ್ದವಾಗಿ ಕಾಣುತ್ತದೆ. ಜಾರದ ಹಾಗೆ ಹಣೆಗೆ ಮಖಮಲ್ಲಿನ ಪಟ್ಟಿ ಇಟ್ಟೆ. ತೆಗೆದಾಗ ಪಟ್ಟಿ ಇದ್ದಷ್ಟು ಜಾಗ ಕೆಂಪಾಗಿ ಬೊಬ್ಬೆ ಎದ್ದಿತ್ತು.

"ನೋವಾದ್ರೆ ಹೇಳಬೇಕಲ್ವಾ ಆಪಾ?"

"ಯಾವ ನೋವು ಅಂತ ಹೇಳ್ಲಿ?"

ಚಳ್ಳಕೆರೆಗೆ ವಾಪಸು ಬಂದು ಆ ವಾರವೆಲ್ಲ ನನ್ನ ಅಮ್ಮಿಯ ತಲೆಗೆ ಬಿಗಿಯಾಗಿ ಪ್ಲಾಸ್ಟಿಕ್ ಚೀಲ ಕಟ್ಟಿ ಅದರ ಮೇಲೆ ಅಭ್ಯಾಸ ಮಾಡಿದೆ. ಯಾರಿಗೆ ಎಂದು ಅಮ್ಮಿ ಕೇಳಿದರು, ಹೊಸ ಕೋರ್ಸು ಎಂದೆ. ಕೊನೆಗೆ ಹಿಡಿತಕ್ಕೆ ಬಂದದ್ದು ಹಳೆಯ ಮೆತ್ತನೆ ಹತ್ತಿ ಸೀರೆಯಲ್ಲಿ ಹೊಲಿದ ಟೋಪಿ. ಬಟ್ಟೆಯನ್ನು ಓರೆಯಾಗಿ ಕತ್ತರಿಸಿದ್ದರಿಂದ ಅದು ತಲೆಗೆ ಅಂಟಿ ಕೂರುತ್ತಿತ್ತು. ಹಿಂದೆ ಎರಡು ಲಾಡಿ ಹಾಕಿ, ಕತ್ತಿನ ಬುಡದಲ್ಲಿ ಅಡ್ಡ ಮಾಡಿ, ಮತ್ತೆ ಮುಂದಕ್ಕೆ ತಂದು ಹಣೆಯ ಮೇಲೆ ಕಟ್ಟುವುದು. ಕೂದಲಿನ ಗಂಟು ಇದೆ ಎನ್ನಿಸಲು ಟೋಪಿಯ ಮೇಲೆ ಜಾಲರಿ ಬಟ್ಟೆಯ ಉಂಡೆಯೊಂದನ್ನು ಹೊಲಿದೆ. ಕೂದಲು ತೆಳ್ಳಗಿರುವ ಹುಡುಗಿಯರು ಹಿಜಾಬಿನ ಒಳಗೆ ಇಟ್ಟುಕೊಳ್ಳುವ ಸುಳ್ಳು ಗಂಟು ಅದು, ಅಂಗಡಿಯಲ್ಲೂ ಸಿಗುತ್ತದೆ.

ಉಂಡೆಯನ್ನು ಮೊದಲು ಕತ್ತಿನ ಹತ್ತಿರ ಹೊಲಿದಿದ್ದೆ. ಅದರ ಭಾರಕ್ಕೆ ಟೋಪಿಯೇ ಹಿಂದಕ್ಕೆ ಎಳೆದುಕೊಂಡು ಹೋಯಿತು, ತಡೆಯಲು ಕೂದಲಿಲ್ಲವಲ್ಲ. ನೆತ್ತಿಯ ಕಡೆಗೆ ಮೇಲೆ ಹೊಲಿದರೆ ಭಾರ ಸಮನಾಗಿ ನಿಂತಿತು. ಹಾಗಾಗಿ ಮೇಲೆ ಹೊಲಿದೆ. ಈಗ ಎಲ್ಲೆಡೆ ಅದೇ ಸ್ಟೈಲು, ಎತ್ತರದ ಗಂಟು, ಮುಂದೆ ಮಡಿಕೆ. ಯಾರಿಗೂ ಅನುಮಾನ ಬರುವುದಿಲ್ಲ ಎಂದುಕೊಂಡೆ. ಎರಡನೇ ಸಲ ಹೋದಾಗ ಕಟ್ಟಿ ತೋರಿಸಿದೆ. ಆಪಾ ಕನ್ನಡಿಯ ಮುಂದೆ ಪಕ್ಕಕ್ಕೆ ತಿರುಗಿ ನಿಂತು, ಬಲಗೈಯಿಂದ ಆ ಗಂಟನ್ನು ಮೆಲ್ಲಗೆ ಮುಟ್ಟಿ ನೋಡಿದರು.

"ನಂದು ಹಿಂಗೇ ಇತ್ತು" ಎಂದರು. "ಇದಕ್ಕಿಂತ ದೊಡ್ಡದು."

ಮೆಹಂದಿ ಶನಿವಾರ ಸಂಜೆ. ಮಧ್ಯಾಹ್ನವೇ ಹೋಗಿ ಆಪಾಗೆ ಮೊದಲು ಕಟ್ಟಿದೆ, ತಿಳಿ ಗುಲಾಬಿ ಬಣ್ಣದ ಜಾರ್ಜೆಟ್ಟು. ಆಮೇಲೆ ಮದುಮಗಳ ಕೆಲಸ. ಅವಳು ಇಪ್ಪತ್ತೆರಡರ ಹುಡುಗಿ, ಬಿ.ಕಾಂ ಮುಗಿಸಿ ಬೇರೆ ಊರಲ್ಲಿ ಕೆಲಸಕ್ಕಿದ್ದು ಮದುವೆಗೆಂದೇ ಮನೆಗೆ ಬಂದವಳು, ಮನಸ್ಸಿಗೆ ಬಂದದ್ದು ಬಾಯಿಗೂ ಬರುತ್ತಿತ್ತು. ಫೋನಿನಲ್ಲಿ ಉಳಿಸಿಕೊಂಡಿದ್ದ ಫೋಟೋಗಳನ್ನು ಒಂದೊಂದಾಗಿ ತೋರಿಸಿದಳು, ತುರ್ಕಿಯದು, ಮಲೇಷ್ಯಾದ್ದು, ಕೇರಳದ್ದು.

"ಸಿಸ್ಟರ್, ನಮ್ಮ ಆಪಾ ಯಾವಾಗಿಂದ ಹಿಂಗಾದ್ಲು ಅಂತೀರಾ? ಹೋದ ವರ್ಷ ನಾನು ಹಿಜಾಬ್ ಸ್ಟೈಲ್ ಮಾಡ್ಕೊಂಡ್ರೆ, ಏನೇ ಇದು ಪಾರ್ಸೆಲ್ ಕಟ್ಟಿದಂಗೆ ಕಟ್ಕೊಂಡೀಯಾ ಅಂತಿದ್ಲು."

ಹೆಂಗಸರು ಸೇರಿದರು. ಡೋಲಕ್ ಬಂತು. ಬುರ್ಖಾಗಳು ಮೊಳೆಗೆ ಹೋದವು. ಆಪಾ ತಾಯಿಯ ತಂಗಿ, ಎಲ್ಲರೂ ಖಾಲಾ ಎನ್ನುತ್ತಿದ್ದ ಹಿರಿಯ ಹೆಂಗಸು, ನಡುಮನೆಯಲ್ಲಿ ಕಾಲು ಚಾಚಿ ಕೂತಿದ್ದರು. ಜೀವನವೆಲ್ಲ ಸೀರೆಯ ಸೆರಗನ್ನೇ ತಲೆಗೆ ಹೊದ್ದವರು. ಬುರ್ಖಾ ಹಾಕಿದ್ದು ಮಕ್ಕಳು ದೊಡ್ಡವರಾದ ಮೇಲೆ. ಅವರ ಕಣ್ಣು ಆಪಾ ಮೇಲೆ ಬಿತ್ತು.

"ಏನ್ ಬೇಟಿ, ಇಲ್ಲಿ ಯಾವ ಗಂಡಸು ಅವ್ನೆ ಅಂತ ತಲೆ ಕಟ್ಕೊಂಡು ಕುಂತೀಯಾ? ಬೆಕ್ಕು ಒಂದು ಗಂಡು ಐತೆ, ಅದನ್ನ ಬೇಕಾದ್ರೆ ಹೊರಗೆ ಹಾಕ್ಸ್ತೀನಿ."

ಎಲ್ಲರೂ ನಕ್ಕರು. ಆಪಾನೂ ನಕ್ಕರು. "ಇರ್ಲಿ ಖಾಲಾ, ಚೆನ್ನಾಗಿ ಕಟ್ಟವ್ರೆ, ಬಿಚ್ಚಕ್ಕೆ ಮನಸಾಗ್ತಿಲ್ಲ."

"ನಮ್ಮ ಕಾಲ್ದಲ್ಲಿ ಸೆರಗಿತ್ತು. ನಿಮ್ಮ ಕಾಲಕ್ಕೆ ಕರೀದು ಬಂತು. ಈಗ ಅರಬ್ಬರ ದೇಶದ್ದು ಬಂದೈತೆ. ಮುಂದಿನೋರ ಕಾಲಕ್ಕೆ ಏನು ಬರ್ತೈತೋ, ಹೆಲ್ಮೆಟ್ ಬರ್ತೈತೇನೋ!"

ಅಲ್ಲಿಯ ತನಕ ಎಲ್ಲ ಅಂದುಕೊಂಡ ಹಾಗೇ ನಡೆಯಿತು. ಆಮೇಲೆ ಎಣ್ಣೆಯ ಶಾಸ್ತ್ರ. ಅವರ ಮನೆಯಲ್ಲಿ ಮೆಹಂದಿಗೆ ಮೊದಲು ಮುತ್ತೈದೆಯರು ಮದುಮಗಳ ನೆತ್ತಿಗೆ ಎಣ್ಣೆ ಹಚ್ಚುತ್ತಾರೆ, ಕೊನೆಗೆ ತಾಯಿ. ತಾಯಿ ಹಚ್ಚಿದ ಮೇಲೆ ಮದುಮಗಳು ಅದೇ ಬಟ್ಟಲಿನ ಎಣ್ಣೆಯನ್ನು ತಾಯಿಯ ಕೂದಲಿಗೆ ತಿರುಗಿ ಹಚ್ಚಬೇಕು. ಈ ಪದ್ಧತಿಯನ್ನು ಆಪಾ ನನಗೆ ಹೇಳಿರಲಿಲ್ಲ. ಮದುಮಗಳು ಬಟ್ಟಲನ್ನು ಮಡಿಲಲ್ಲಿಟ್ಟುಕೊಂಡು ಕಾಯುತ್ತಿದ್ದಳು.

"ಬಾ ಆಪಾ. ಅಮ್ಮಿ ಜಾಗ್ದಲ್ಲಿ ನೀನೇ."

"ಖಾಲಾ ಹಚ್ಲಿ. ಅಮ್ಮಿ ಒಡಹುಟ್ಟಿದೋರು ಅವ್ರು."

"ಖಾಲಾ ಆಗ್ಲೇ ಹಚ್ಚಿದ್ರು. ನೀನ್ ಬಾ. ಬಿಚ್ಚು ಅದನ್ನ."

"ನಾನು ನಿನಗೆ ಹಚ್ತೀನಿ. ನೀನು ನನಗೆ ಹಚ್ಚೋದು ಬೇಡ. ಈಗೀಗ ನಾನು ಬರೀ ತಲೇಲಿ ಇರೋದು ಬಿಟ್ಟೀನಿ, ಹಂಗಂತ ನಿಯತ್ತು ಮಾಡೀನಿ, ಹರಕೆ ಇದ್ದಂಗೆ."

ಡೋಲಕ್ ನಿಂತಿತ್ತು. ಮದುಮಗಳ ಮುಖ ಕೆಂಪಾಯಿತು.

"ಹೆಂಗಸರ ಮುಂದೆ ತಲೆ ಬಿಡಬಾರದು ಅಂತ ಯಾವ ಕಿತಾಬಲ್ಲಿ ಐತೆ? ಹನ್ನೆರಡು ವರ್ಷ ನನ್ನ ತಲೆ ಬಾಚಿದೋಳು, ನನ್ನ ಮದುವೇಲೇ ನಿನಗೆ ದೀನು-ಧರ್ಮ ನೆನಪಾಯ್ತಾ? ಹೇಳ್ಬಿಡು, ನಾನು ಮುಟ್ಟಿದ್ರೆ ಗಲೀಜಾಗ್ತೀಯಾ?"

"ಹಂಗಲ್ಲ ಕಣೇ..."

"ಬೇಡ ಬಿಡು. ಖಾಲಾ, ಬನ್ನಿ."

ಖಾಲಾ ಬಂದು ಕೂತರು. ಮದುಮಗಳು ಅವರ ನರೆತ ಕೂದಲಿಗೆ ಎಣ್ಣೆ ಹಚ್ಚಿದಳು. ಆಪಾ ಗೋಡೆಗೊರಗಿ ನೋಡುತ್ತಿದ್ದರು. ನಾನು ಪಕ್ಕದಲ್ಲಿ ನಿಂತು ಒಂದು ಪಿನ್ನು ಸರಿ ಮಾಡುವವಳ ಹಾಗೆ ಅವರ ಭುಜದ ಮೇಲೆ ಕೈ ಇಟ್ಟೆ.

ಅಷ್ಟರಲ್ಲಿ ಪಕ್ಕದ ಮನೆಯ ನೇಕಾರಗಿತ್ತಿ ಅವ್ವ ಮಲ್ಲಿಗೆಯ ದಿಂಡು ಹಿಡಿದು ಬಂದರು. ಮಾತು ಅರ್ಧ ತೆಲುಗು.

"ಏಮ್ಮಾ, ನಾನು ಬರೋದ್ರೊಳಗೇ ಎಲ್ಲಾ ಮುಗಿಸಿಬಿಟ್ರಾ? ಹೂವು ಯಾರು ಮುಡಿಸ್ಬೇಕು?" ಎಂದು ನೇರ ಆಪಾ ಹಿಂದೆ ಬಂದು, "ತಿರುಗು ತಾಯಿ, ಎಲ್ಲಿ ನಿನ್ನ ಜಡೆ?" ಎಂದು ಹಿಜಾಬಿನ ಅಂಚಿಗೆ ಕೈ ಹಾಕಿದರು.

ನನಗೆ ಬೇರೆ ದಾರಿ ಕಾಣಲಿಲ್ಲ. "ಅವ್ವಾ, ಇಲ್ಲಿ ಕೊಡ್ರಿ" ಎಂದು ಅವರ ಕೈಯಿಂದ ಹೂ ತೆಗೆದುಕೊಂಡೆ. ಹಿಜಾಬಿನ ಮೇಲೆಯೇ, ಆ ಸುಳ್ಳು ಗಂಟಿನ ಸುತ್ತ ದಿಂಡನ್ನು ಸುತ್ತಿ ನಾಲ್ಕು ಪಿನ್ನು ಹಾಕಿದೆ. "ಈಗ ಹಿಂಗೇ ಮುಡಿಯೋದು ಅವ್ವಾ, ಹೊಸದು."

ಚೆನ್ನಾಗಿಯೇ ಕಂಡಿತು. ಗುಲಾಬಿ ಬಟ್ಟೆ, ಬಿಳಿ ಹೂ. ಹುಡುಗಿಯರು ಫೋನ್ ಹಿಡಿದು ಸುತ್ತ ನಿಂತರು. ಮದುಮಗಳ ಗೆಳತಿಯೊಬ್ಬಳು ಹಿಂದಿನಿಂದ ಮುಂದಕ್ಕೆ ಸುತ್ತಿ ಬಂದು ವಿಡಿಯೋ ಮಾಡಿದಳು. ಬೇಡ ಎನ್ನಬೇಕಿತ್ತು. ಆದರೆ ಬೇಡ ಎಂದರೆ ಯಾಕೆ ಎನ್ನುತ್ತಾರೆ ಎಂದು ಆಪಾನೂ ಸುಮ್ಮನಿದ್ದರು, ನಾನೂ ಸುಮ್ಮನಿದ್ದೆ.

ಆ ರೀಲ್ ಅಂದೇ ಗೆಳತಿಯ ಪೇಜಿಗೆ ಏರಿತು, ಜೊತೆಗೆ ನನ್ನ ಪೇಜಿನ ಹೆಸರನ್ನೂ ಹಾಕಿದ್ದಳು. ಬೆಳಿಗ್ಗೆ ಎದ್ದು ನೋಡಿದರೆ ನನ್ನ ಫೋನಿಗೆ ಬಳ್ಳಾರಿಯಿಂದ, ಹಿರಿಯೂರಿನಿಂದ, ರಾಯದುರ್ಗದಿಂದ ಮೆಸೇಜುಗಳು: ಸಿಸ್ಟರ್, ಆ ಹೂವಿನ ಸ್ಟೈಲ್ ನಮಗೂ ಬೇಕು. ರೀಲಿನ ಕೆಳಗೆ ಮಾತ್ರ ಬೇರೆಯದೇ ಮಾತು. ನೆತ್ತಿಯ ಮೇಲೆ ಎತ್ತರಕ್ಕೆ ಗಂಟು ಕಟ್ಟಿ ಅದರ ಮೇಲೆ ಬಟ್ಟೆ ಹೊದೆಯುವುದನ್ನು ಒಂಟೆಯ ಡುಬ್ಬಕ್ಕೆ ಹೋಲಿಸಿ, ಅದು ತಪ್ಪು ಎನ್ನುವವರು ನಮ್ಮಲ್ಲಿ ಬಹಳ. ಒಂಟೆ, ಒಂಟೆ ಎಂದು ಸಾಲುಸಾಲಾಗಿ ಬರೆದಿದ್ದರು. ಇಂಥವರು ಹಿಜಾಬ್ ಹಾಕದಿದ್ದರೇ ಮೇಲು ಎಂದು ಒಬ್ಬ. ಹಿಜಾಬಿನ ಮೇಲೆ ಹೂ ಮುಡಿಯುವುದು ಯಾರ ಸಂಪ್ರದಾಯ ಎಂದು ಇನ್ನೊಬ್ಬ. ಹೂ ನಮ್ಮದು, ಬಟ್ಟೆ ಅವರದು ಎಂದು ಬೇರೆ ಕಡೆಯವರು ಬಂದು ನಗೆಯಾಡಿದ್ದರು. ಆಪಾ ಮುಖ ಅರ್ಧ ಕಾಣುತ್ತಿತ್ತು. ಗೆಳತಿಗೆ ಹೇಳಿ ತೆಗೆಸಿದೆ. ಅಷ್ಟರಲ್ಲಿ ಬೇರೆಯವರು ಎತ್ತಿ ಹಾಕಿಕೊಂಡಾಗಿತ್ತು.

ನಿಕಾಹ್ ಮಧ್ಯಾಹ್ನದ ನಮಾಜಿನ ನಂತರ. ಬೆಳಿಗ್ಗೆ ಹುಡುಗನ ಅಕ್ಕ ಮದುಮಗಳ ಬಟ್ಟೆಯ ತಟ್ಟೆ ಹಿಡಿದು ಬಂದರು. ಕೆಟ್ಟವರೇನಲ್ಲ, ಮೆತ್ತಗೆ ಮಾತಾಡುವವರು. ಆಪಾ ಆಗಲೇ ಹಿಜಾಬ್ ಕಟ್ಟಿಸಿಕೊಂಡು ಬಾಗಿಲಲ್ಲಿ ಅವರನ್ನು ಎದುರುಗೊಂಡರು. ಆಕೆಯ ನೋಟ ನೇರ ಗಂಟಿನ ಮೇಲೆ ಹೋಯಿತು.

"ಬೇಜಾರು ಮಾಡ್ಕೋಬ್ಯಾಡಿ. ನಮ್ಮ ದೊಡ್ಡೋರು ಆ ವಿಡಿಯೋ ನೋಡಿದ್ರು. ಇವತ್ತು ನಮ್ಮ ಕಡೆ ಮೌಲ್ವಿ ಸಾಹೇಬ್ರ ಮನೇವ್ರೂ ಬರ್ತಾರೆ. ಈ ಗಂಟೊಂದು ಕೆಳಗಿಳಿಸಿ ಕಟ್ಕೊಂಡ್ರೆ ಆಯ್ತು, ದೊಡ್ಡ ವಿಷಯ ಅಲ್ಲ."

"ಆಯ್ತು, ಕಟ್ಟಿಸ್ತೀನಿ" ಎಂದರು ಆಪಾ.

"ಬನ್ನಿ, ನಾನೇ ಇಳಿಸ್ತೀನಿ, ಒಂದು ನಿಮಿಷದ ಕೆಲಸ" ಎಂದು ಆಕೆ ಕೈ ಚಾಚಿದರು.

ನಾನು ನಡುವೆ ನುಗ್ಗಿದೆ. "ಬಾಜಿ, ಪಿನ್ನು ತುಂಬಾ ಅವೆ, ಚುಚ್ಚುತ್ತೆ. ನೀವು ದುಲ್ಹನ್ ಬಟ್ಟೆ ನೋಡಿ, ಇದು ನನ್ನ ಕೆಲಸ."

ಒಳಗೆ ಹೋದ ಮೇಲೆ ಮದುಮಗಳು ಹಿಂದೆಯೇ ಬಂದಳು. ಅವಳಿಗೂ ಬೆಳಿಗ್ಗೆಯಿಂದ ಫೋನು ನೋಡಿ ನೋಡಿ ಅಳು ಬಂದಿತ್ತು.

"ನಿನ್ನೆ ನನ್ನ ಕೈಲಿ ಮುಟ್ಟಿಸ್ಕೊಳ್ಳಕ್ಕೆ ದೀನು ಅಡ್ಡ ಬಂತು. ಇವತ್ತು ದೀನಿನೋರೇ ನಿನ್ನ ಒಂಟೆ ಅಂತವ್ರೆ. ಅವರ ಮನೆಗೆ ಹೋಗೋದು ನಾನು ಆಪಾ, ಮಾತು ಕೇಳೋದೂ ನಾನು. ತೆಗಿ ಅದನ್ನ. ಇಲ್ಲಾಂದ್ರೆ ನನ್ನ ಪಕ್ಕ ಕೂರಬ್ಯಾಡ."

ಬಾಗಿಲು ಎಳೆದುಕೊಂಡು ಹೋದಳು. ನಾನು ಚಿಲಕ ಹಾಕಿದೆ. ಗಂಟನ್ನು ಕೆಳಗಿಳಿಸಿದರೆ ಏನಾಗುತ್ತದೆ ಎಂದು ನಮ್ಮಿಬ್ಬರಿಗೂ ಗೊತ್ತಿತ್ತು. ಆದರೂ ಒಮ್ಮೆ ಬಿಚ್ಚಿ, ಇಳಿಸಿ, ಹೊಲಿದು ನೋಡಿದೆ. ಆಪಾ ಎರಡು ಸಲ ತಲೆ ಬಗ್ಗಿಸಿ ಎತ್ತಿದರು. ಟೋಪಿ ಹಣೆ ಬಿಟ್ಟು ಹಿಂದಕ್ಕೆ ಹೋಯಿತು. ಗಂಟಿಲ್ಲದೆ ಕಟ್ಟಿದರೆ ತಲೆಯ ಆಕಾರ. ಬುರ್ಖಾ ಹಾಕಿಕೊಂಡು ಕೂರೋಣವೆಂದರೆ, ಹೆಂಗಸರ ಕೋಣೆಯಲ್ಲಿ ಮದುಮಗಳ ತಾಯಿಯ ಜಾಗದಲ್ಲಿ ಕೂರುವವಳು ಬುರ್ಖಾದಲ್ಲಿ ಕೂತರೆ ಯಾರು ಸುಮ್ಮನಿರುತ್ತಾರೆ?

"ಹೇಳ್ಬಿಡಿ ಆಪಾ. ಅವಳೊಬ್ಬಳಿಗಾದ್ರೂ."

ಆಪಾ ತಲೆಯಾಡಿಸಿದರು. "ನಿನಗೆ ಅವಳು ಗೊತ್ತಿಲ್ಲ. ಅವಳ ಹೊಟ್ಟೇಲಿ ಮಾತು ನಿಲ್ಲಲ್ಲ. ಹೇಳಿದ್ರೆ ಒಂದೋ ನಿಕಾಹೇ ಬ್ಯಾಡ ಅಂತಾಳೆ, ಇಲ್ಲಾ ಅವರಿಗೂ ಹೇಳೇ ಕೂರ್ತೀನಿ ಅಂತಾಳೆ. ಸುಳ್ಳು ಅವಳಿಗೆ ಬರಲ್ಲ. ನಾನೇ ಹಂಗೆ ಬೆಳೆಸೀನಿ."

ಆಮೇಲೆ ಎದ್ದು ಬೀರು ತೆಗೆದು ತಮ್ಮ ನಿಕಾಹಿನ ಸೀರೆ ಹೊರತೆಗೆದರು. ಕೆಂಪು ರೇಷ್ಮೆ, ಎರಡೂ ಕಡೆ ಅಗಲ ಜರಿ ಅಂಚು. ಪಕ್ಕದ ಮನೆಯ ಅವ್ವನ ಗಂಡ ನೇಯ್ದು ಕೊಟ್ಟದ್ದು.

"ಇದರ ಸೆರಗು ನಿಲ್ಲುತ್ತಾ ನೋಡು."

ನಾನು ಹಿಜಾಬ್ ಕಟ್ಟಲು ಕಲಿತವಳು. ಸೆರಗಿನ ಮೇಲೆ ನನಗೆ ನಂಬಿಕೆ ಇರಲಿಲ್ಲ. ರೇಷ್ಮೆ ಎಂದರೆ ಜಾರುವ ಬಟ್ಟೆ ಎಂದೇ ನನ್ನ ಲೆಕ್ಕ. ಆದರೆ ತಲೆಯ ಮೇಲೆ ಇಟ್ಟು ನೋಡಿದಾಗ ಜರಿ ಅಂಚಿನ ತೂಕ ಹಣೆಯ ಕಡೆ ಬಿದ್ದು ಬಟ್ಟೆಯನ್ನು ಮುಂದಕ್ಕೆ ಎಳೆದು ಹಿಡಿಯಿತು. ಸುಳ್ಳು ಗಂಟು ಬೇಕಾಗಲಿಲ್ಲ. ಮಗ್ಗದ ರೇಷ್ಮೆ ತಲೆಗೆ ಅಂಟುವುದಿಲ್ಲ, ತನ್ನಷ್ಟಕ್ಕೆ ಮಡಿಕೆಯಾಗಿ ನಿಲ್ಲುತ್ತದೆ. ಒಳಗಿನ ಆಕಾರ ಕಾಣಲಿಲ್ಲ. ಟೋಪಿಯ ಮುಂದಿನ ತುದಿಯನ್ನು ಸೀರೆಯ ಅಂಚಿಗೆ ಒಳಗಿನಿಂದ ಉದ್ದುದ್ದ ಹೊಲಿಗೆ ಹಾಕಿ ಕೂಡಿಸಿದೆ. ಪಿನ್ನು ಚರ್ಮಕ್ಕೆ ತಾಗುವ ಹಾಗಿರಲಿಲ್ಲ, ಹಾಗಾಗಿ ಒಂದೂ ಹಾಕಲಿಲ್ಲ.

ಕಷ್ಟ ಆದದ್ದು ಎದೆಯ ಕಡೆ. ಹಿಜಾಬ್ ಅದನ್ನೂ ಮುಚ್ಚುತ್ತಿತ್ತು, ಸೀರೆ ಮುಚ್ಚುವುದಿಲ್ಲ. ಹತ್ತಿ ಬಟ್ಟೆ ಮಡಿಚಿ ಕುಪ್ಪಸದ ಎಡಗಡೆ ಇಟ್ಟೆ. ಸೆರಗಿನ ಭಾರವೆಲ್ಲ ಎಡ ಭುಜಕ್ಕೇ ಬೀಳುತ್ತಿತ್ತು, ಆಪರೇಷನ್ ಆದ ಕಡೆಗೇ. ಬಲಕ್ಕೆ ಹಾಕಲೇ ಎಂದೆ.

"ಎಲ್ರೂ ಹಾಕ್ದಂಗೇ ಹಾಕು" ಎಂದರು.

ಆಪಾ ಹೊರಗೆ ಬಂದಾಗ ಖಾಲಾ ಬಾಯಿಗೆ ಕೈ ಇಟ್ಟುಕೊಂಡರು. "ಅಯ್ಯೋ, ನಮ್ಮಕ್ಕನೇ ಎದ್ದು ಬಂದಂಗೆ ಐತೆ! ಈಗ ನೋಡು ನಮ್ಮನೆ ಹುಡುಗಿ ಆದೆ." ಪಕ್ಕದ ಮನೆಯ ಅವ್ವ ತಮ್ಮ ಗಂಡನ ಅಂಚನ್ನು ಬೆರಳಲ್ಲಿ ಹಿಡಿದು ನೋಡಿದರು. ಹುಡುಗನ ಅಕ್ಕ ಸಮಾಧಾನದಿಂದ ತಲೆದೂಗಿದರು. ಮೂವರಿಗೂ ಆಪಾ ತಮ್ಮ ಕಡೆಗೆ ಬಂದ ಹಾಗೆ ಕಂಡಿತು. ಮದುಮಗಳು ಒಮ್ಮೆ ನೋಡಿ, "ಇದನ್ನ ನಿನ್ನೆನೇ ಮಾಡಿದ್ರೆ ಆಗ್ತಿರ್ಲಿಲ್ವಾ?" ಎಂದು ಮುಖ ತಿರುಗಿಸಿದಳು. ಆದರೆ ಪಕ್ಕದಲ್ಲಿ ಕೂ‌ರಲು ಜಾಗ ಬಿಟ್ಟಳು.

ಮದುಮಗಳಿಗೆ ಕಟ್ಟುವುದು ಸುಲಭವಾಯಿತು. ಅಷ್ಟು ಕೂದಲಿದ್ದ ತಲೆಯ ಮೇಲೆ ಬಟ್ಟೆ ಇಟ್ಟಲ್ಲೇ ನಿಂತಿತು. ನಿಕಾಹಿಗೆ ಮದುಮಗಳ ಒಪ್ಪಿಗೆ ಪಡೆಯುವ ವಕೀಲರು, ಸಾಕ್ಷಿಗಳು ಬಾಗಿಲ ಪರದೆಯ ಆಚೆ ನಿಂತು ಕೇಳಿದರು. ಅವಳು ಕಬೂಲ್ ಎಂದಳು. ಮೂರನೇ ಸಲ ಹೇಳಿದಾಗ ಆಪಾ ಕಣ್ಣು ಮುಚ್ಚಿಕೊಂಡರು.

ಊಟ ಮುಗಿದು ಕಳಿಸಿಕೊಡುವ ಹೊತ್ತಾಯಿತು. ಓಣಿಯ ತುದಿಯಲ್ಲಿ ಹೂ ಕಟ್ಟಿದ ಕಾರು ನಿಂತಿತ್ತು. ಮನೆಯ ಬಾಗಿಲ ಒಳಗೆ ಎರಡೂ ಕಡೆಯ ಹೆಂಗಸರು ಒತ್ತಾಗಿ ನಿಂತಿದ್ದರು. ನಾನು ಮದುಮಗಳ ಉದ್ದ ದುಪಟ್ಟಾ ಹಿಡಿದು ಅವಳ ಹಿಂದೆಯೇ ಇದ್ದೆ. ಅವಳು ಖಾಲಾರನ್ನು ತಬ್ಬಿದಳು, ಅವ್ವನ ಕಾಲು ಮುಟ್ಟಲು ಹೋಗಿ ಬೈಸಿಕೊಂಡಳು. ಕೊನೆಗೆ ಆಪಾ ಮುಂದೆ ನಿಂತಳು. ಎರಡು ದಿನದ ಸಿಟ್ಟು ಇನ್ನೂ ಮುಖದಲ್ಲಿತ್ತು. ಆಮೇಲೆ ಒಮ್ಮೆಲೇ ಕುತ್ತಿಗೆಗೆ ಬಿದ್ದು ಚಿಕ್ಕ ಮಗುವಿನ ಹಾಗೆ ಅತ್ತಳು.

ಅವಳ ಬಲಗೈ ಸೆರಗಿನ ಒಳಗೆ ಹೋಯಿತು. ಮಕ್ಕಳು ತಾಯಿಯ ಜಡೆ ಹಿಡಿದುಕೊಳ್ಳುವ ಅಭ್ಯಾಸವಿರುತ್ತದಲ್ಲ, ಬಹುಶಃ ಹಾಗೆ. ಕೈ ಕತ್ತಿನ ಮೇಲಿಂದ ಬೆನ್ನಿಗೆ ಇಳಿಯಿತು. ಏನೂ ಸಿಗದೆ ಮೇಲಕ್ಕೆ ಬಂತು. ಟೋಪಿಯ ಅಂಚಿನೊಳಗೆ ಬೆರಳು ಸೇರಿತು. ಅಲ್ಲೇ ನಿಂತಿತು.

ಅವಳ ಅಳು ಒಂದು ಕ್ಷಣ ನಿಂತದ್ದು ನನಗೆ ಗೊತ್ತಾಯಿತು. ಆಪಾ ಅವಳ ಕಿವಿಯಲ್ಲಿ ಏನೋ ಹೇಳಿದರು. ಒಂದೇ ಮಾತು, ನನಗೆ ಕೇಳಲಿಲ್ಲ. ಎರಡು ಹೆಜ್ಜೆ ಆಚೆ ಹುಡುಗನ ಅಕ್ಕ ನಿಂತಿದ್ದರು.

ಮದುಮಗಳು ಕೈ ಹೊರತೆಗೆದಳು. ಎರಡೂ ಕೈಯಿಂದ ಆಪಾ ಸೆರಗಿನ ಅಂಚು ಹಿಡಿದು, ಹಣೆಯ ತನಕ ಮುಂದಕ್ಕೆ ಎಳೆದು, ಕಿವಿಯ ಪಕ್ಕ ಒತ್ತಿ ಕೂರಿಸಿದಳು. ಆಮೇಲೆ ಎಲ್ಲರಿಗೂ ಕೇಳುವ ಹಾಗೆ, ಎರಡು ದಿನದಿಂದ ಬೈಯುತ್ತಿದ್ದ ಅದೇ ದನಿಯಲ್ಲಿ ಹೇಳಿದಳು:

"ಒಂದು ಸೆರಗು ನೆಟ್ಟಗೆ ಹೊದ್ಕೊಳ್ಳಕ್ಕೆ ಬರಲ್ಲ ನಿನಗೆ. ನಾನಿಲ್ದಿದ್ರೆ ಹೆಂಗೆ ನೀನು?"

ಹೆಂಗಸರು ಕಣ್ಣೊರೆಸಿಕೊಳ್ಳುತ್ತಲೇ ನಕ್ಕರು. "ಹೋಗೋವಾಗ್ಲೂ ಬೈಗುಳ ಬಿಡ್ಲಿಲ್ಲ ನೋಡು" ಎಂದರು ಖಾಲಾ. ಹುಡುಗನ ಅಕ್ಕನೂ ನಕ್ಕರು. ಮದುಮಗಳು ತಿರುಗಿ ನೋಡದೆ ಕಾರಿನ ತನಕ ನಡೆದಳು. ಕಾರು ಓಣಿ ದಾಟುವ ತನಕ ಅವಳ ಅಳು ಕೇಳುತ್ತಿತ್ತು. ಎಲ್ಲ ಮದುಮಕ್ಕಳೂ ಹಾಗೆಯೇ ಅಳುತ್ತಾರೆ, ಯಾರೂ ಬೇರೆ ಅರ್ಥ ಮಾಡಲಿಲ್ಲ.

ನಾನು ಆಪಾರನ್ನು ಒಳಕೋಣೆಗೆ ಕರೆದುಕೊಂಡು ಹೋಗಿ ಚಿಲಕ ಹಾಕಿದೆ. ಎಡ ಭುಜದಲ್ಲಿ ಕುಪ್ಪಸ ಚರ್ಮಕ್ಕೆ ಅಂಟಿತ್ತು. ಸೆರಗನ್ನು ಕೂಡಿಸಿದ್ದ ಹೊಲಿಗೆಯನ್ನು ಹಣೆಯ ಕಡೆಯಿಂದ ಒಂದೊಂದಾಗಿ ಬಿಚ್ಚತೊಡಗಿದೆ.

"ಅವಳಿಗೆ ಗೊತ್ತಾಯ್ತು" ಎಂದರು ಆಪಾ.

"ಹೂಂ ಆಪಾ."

"ಯಾರ ಹತ್ರನೂ ಹೇಳಬ್ಯಾಡ ಅಂದೆ. ಇಷ್ಟು ದಿನ ನಾನು ಮುಚ್ಚಿಟ್ಟೆ ತಂಗಿ, ನನ್ನ ಮನೇಲಿ, ನನ್ನ ಬಾಗಿಲು ಹಾಕ್ಕೊಂಡು. ಇನ್ನು ಅವಳು ಮುಚ್ಚಿಡಬೇಕು. ಆ ಮನೇಲಿ, ಅಷ್ಟು ಜನದ ನಡುವೆ, ಒಬ್ಬಳೇ."

ಕನ್ನಡಿಯಲ್ಲಿ ಅವರು ನನ್ನನ್ನೇ ನೋಡುತ್ತಿದ್ದರು. ನಾನು ಹೊಲಿಗೆ ಬಿಚ್ಚುವುದನ್ನು ನಿಲ್ಲಿಸಲಿಲ್ಲ.